ಹದಿನಾಲ್ಕನೆಯ ನಿಯಮ

ಜೂನ್ ೨೧, ೧೮೮೬, ಸೋಮವಾರ

ಇವತ್ತಿನಿಂದ ಮತ್ತೆ ಕೆಲಸಕ್ಕೆ ಹೋದೆ. ಬೆಲ್‌ಫೋರ್ಡ್ ಸ್ಟೇಷನ್ನಿನಲ್ಲಿ ಕೂಲಿಗಳಿಂದ ಹಿಡಿದು ಮಾಸ್ತರರವರೆಗೆ ಎಲ್ಲರೂ ಟೋಪಿ ತೆಗೆದು ನಿಂತರು. ನನಗೆ ಅದೇ ಹಿಂಸೆ. ತಂತಿ ಯಂತ್ರ ಮಾತ್ರ ಯಾವ ಮರ್ಯಾದೆಯನ್ನೂ ಕೊಡದೆ ಟಕಟಕ ಎನ್ನುತ್ತಿತ್ತು. ಹೋಗಿ ಅದರ ಮುಂದೆ ಕುಳಿತೆ.

"ದೇವರ ಹತ್ತಿರ ಹೇಳ್ಕೋ ಎಲಾಯಸ್, ಹಗುರ ಆಗುತ್ತೆ" ಎಂದು ಪಾದ್ರಿ ಹೇಳಿದ್ದರು. ದೇವರಿಗಿಂತ ನನಗೆ ಕಾಗದದ ಬಳಕೆ ಹೆಚ್ಚು. ಇಪ್ಪತ್ತಾರು ವರ್ಷ ತಂತಿಯಲ್ಲಿ ಬಂದದ್ದನ್ನು ಬರೆದುಕೊಂಡವನು ನಾನು, ಬರೆದರೆ ಮಾತ್ರ ಒಂದು ಸಂಗತಿ ನಡೆದದ್ದು ಎನಿಸುತ್ತದೆ. ಹಾಗಾಗಿ ಇದನ್ನೂ ಬರೆಯುತ್ತೇನೆ.

ನನ್ನ ಮಗ ಟೋಬಿ ಈ ತಿಂಗಳು ಹನ್ನೆರಡಕ್ಕೆ ಹೋದ. ಇಪ್ಪತ್ತೊಂದು ವರ್ಷ. ಒಂಬತ್ತನೆಯ ತಾರೀಕು ಕಾರ್ವರ್ಸ್‌ಬರ್ಗಿನಲ್ಲಿ ಬೇಸ್‌ಬಾಲ್ ಆಟ. ಅವರ ಎಡಗೈ ಎಸೆತಗಾರನ ಚೆಂಡು ಅವನ ಕಣತಲೆಗೆ ಬಡಿಯಿತು. ಮೂರು ದಿನ ಕಣ್ಣು ಬಿಡಲಿಲ್ಲ.

ಆ ಆಟದ ವರದಿ ತಂತಿಯಲ್ಲಿ ಬಂದಾಗ ಕಿವಿಗೊಟ್ಟು ಬರೆದುಕೊಂಡವನು ನಾನೇ. ಲೀಗಿನ ಕಾರ್ಯದರ್ಶಿ ನಾನಲ್ಲವೇ? "ಆರನೇ ಸರದಿ. ಕ್ರೌಸ್‌ಗೆ ಚೆಂಡು ತಾಗಿತು. ಬದಲಿ ಓಟಗಾರ." ಈಗ ತೆಗೆದು ನೋಡಿದರೆ ಅಕ್ಷರ ಎಷ್ಟು ದುಂಡಗೆ ಬಂದಿದೆ. ಬರೆದಿಟ್ಟು, ಡಬ್ಬಿ ಬಿಚ್ಚಿ ಬ್ರೆಡ್ಡು ಹಂದಿಮಾಂಸ ತಿಂದೆ. ಕೈ ತೊಳೆದು ಕೂತ ಮೇಲೆ ನನ್ನ ಹೆಸರಿಗೇ ತಂತಿ ಬಂತು.

ನನ್ನ ಹೆಂಡತಿ ಲೊವೀನಾ ಹೆಣೆಯುತ್ತಾಳೆ. ಉಣ್ಣೆಯ ಲಡಿಯನ್ನು ಉಂಡೆ ಮಾಡುವಾಗ ಟೋಬಿ ಅವಳೆದುರು ಎರಡೂ ಕೈ ಚಾಚಿ ಕೂರುತ್ತಿದ್ದ, ಐದು ವರ್ಷದವನಿದ್ದಾಗಿನಿಂದ. ಈಗ ಲಡಿಯನ್ನು ಕುರ್ಚಿಯ ಬೆನ್ನಿಗೆ ತೊಡಿಸಿ ಸುತ್ತುತ್ತಾಳೆ. ನಾನು ಹಿಡಿದುಕೊಳ್ಳಲಾ ಎಂದೆ, ಕೇಳಿಸಲಿಲ್ಲವೇನೋ.

ಮಗ ಹುಟ್ಟಿದಂದಿನಿಂದ ನನ್ನನ್ನು "ಅಪ್ಪಾ" ಎಂದೇ ಕರೆಯುತ್ತಿದ್ದಳು. ಈ ಒಂಬತ್ತು ದಿನದಿಂದ ಏನೂ ಕರೆಯುತ್ತಿಲ್ಲ.

ಜೂನ್ ೨೬, ಶನಿವಾರ

ಟೋಬಿಯ ಆಟಗಳನ್ನೆಲ್ಲ ಒಂದು ಹಾಳೆಗೆ ಇಳಿಸಿದೆ. ಹತ್ತೊಂಬತ್ತು ಆಟ, ಇಪ್ಪತ್ತೇಳು ಹಿಟ್, ಹದಿನಾಲ್ಕು ಓಟ, ಮೂರನೇ ಬೇಸಿನಲ್ಲಿ ನಿಂತು ಚೆಂಡು ತಡೆಯುವಾಗ ಮಾಡಿದ ತಪ್ಪು ಒಂಬತ್ತು. ಒಂಬತ್ತೋ ಎಂಟೋ ಎಂದು ಲೈಮ್ ಸ್ಪ್ರಿಂಗಿನ ಸ್ಕೋರರನಿಗೆ ಕಾಗದ ಹಾಕಿದ್ದೇನೆ. ಮಗ ಸತ್ತನೆಂದು ಅವನ ತಪ್ಪನ್ನು ಮನ್ನಾ ಮಾಡಲು ಬರುವುದಿಲ್ಲ.

ನಮ್ಮದು ನಾಲ್ಕೂರ ಲೀಗ್: ಬೆಲ್‌ಫೋರ್ಡ್, ಕಾರ್ವರ್ಸ್‌ಬರ್ಗ್, ಲೈಮ್ ಸ್ಪ್ರಿಂಗ್, ಸ್ಟೋನ್‌ಹ್ಯಾಮ್. ಹೋದ ಚಳಿಗಾಲದಲ್ಲಿ ಡಿವಿಟ್ ಸಾಹೇಬರ ಬಿಯರ್ ಕಾರ್ಖಾನೆಯ ಮಹಡಿಯಲ್ಲಿ ಕೂತು ಗೊತ್ತು ಮಾಡಿದೆವು. ಅವರು ಅಧ್ಯಕ್ಷರು, ಭಾಷಣ ಅವರದು; ನಿಯಮಗಳನ್ನು ಬರೆದವನು ನಾನು. ಮೇ ತಿಂಗಳ ಮೊದಲ ಆಟಕ್ಕೆ ಬ್ಯಾಂಡು ಬಂದಿತ್ತು. ಸೆಪ್ಟೆಂಬರ್ ಹನ್ನೊಂದಕ್ಕೆ ಕೊನೆಯ ಆಟ. ಆವರೆಗೆ ಕನಿಷ್ಠ ಮೂರು ಊರು ಉಳಿದು ಆಡಿದರೆ ವರ್ಷಕ್ಕೊಮ್ಮೆ ಅಚ್ಚಾಗುವ ಬೇಸ್‌ಬಾಲ್ ಕೈಪಿಡಿಯಲ್ಲಿ ನಮ್ಮ ಲೀಗಿಗೂ ಒಂದು ಪುಟ ಕೊಡುತ್ತಾರೆ. ಆಟಗಾರನಿಗೊಂದು ಸಾಲು. "ಟಿ. ಕ್ರೌಸ್, ಬೆಲ್‌ಫೋರ್ಡ್." ಮುಂದೆ ಅಂಕಿಗಳು.

ನನಗೆ ಆ ಸಾಲು ಬೇಕು. ಬೇರೇನೂ ಬೇಡ. ಕಲ್ಲಿನ ಮೇಲೆ ಕೆತ್ತಿಸಿದ್ದನ್ನು ನಮ್ಮೂರವರು ಮಾತ್ರ ಓದುತ್ತಾರೆ.

ಸ್ಟೇಷನ್ನಿನ ಮೇಜಿನ ಡ್ರಾದಲ್ಲಿ ಇನ್ನೊಂದು ಸಣ್ಣ ನೋಟುಪುಸ್ತಕ ಇದೆ. ಅದನ್ನು ತೆಗೆದಿಲ್ಲ.

ಜುಲೈ ೧೨, ಸೋಮವಾರ

ಸ್ಟೋನ್‌ಹ್ಯಾಮ್ ಕ್ಲಬ್ಬು ಮುಚ್ಚಿತು.

ಹೇಳಿದರೆ ನಗುತ್ತಾರೆ. ಸ್ಟೋನ್‌ಹ್ಯಾಮ್ ಗಾಜಿನ ಊರು. ಜುಲೈ ಆಗಸ್ಟಿನ ಸೆಕೆಯಲ್ಲಿ ಕುಲುಮೆಯ ಮುಂದೆ ಮನುಷ್ಯ ನಿಲ್ಲಲಾರ. ಬೆಂಕಿ ಆರಿಸಿ ಊರಿಗೂರೇ ನೆಂಟರ ಮನೆಗೋ ಹೊಲದ ಕೆಲಸಕ್ಕೋ ಹೊರಟುಬಿಡುತ್ತದೆ. ಇದು ನಮ್ಮ ಅಜ್ಜಂದಿರ ಕಾಲದಿಂದ ನಡೆದುಬಂದದ್ದು, ಇಲ್ಲಿನ ನಾಯಿಗೂ ಗೊತ್ತು. ಆದರೂ ಜನವರಿಯ ಚಳಿಯಲ್ಲಿ ಒಲೆ ಕಾಯಿಸಿಕೊಳ್ಳುತ್ತ ವೇಳಾಪಟ್ಟಿ ಮಾಡಿದ ನಾವು ಜಾಣರು, ಜುಲೈಯಲ್ಲಿ ಹನ್ನೆರಡು ಆಟವನ್ನು ಸ್ಟೋನ್‌ಹ್ಯಾಮಿನಲ್ಲೇ ಇಟ್ಟೆವು. ಹೋದ ವಾರದ ಆಟಕ್ಕೆ ಬಂದವರು ಹದಿನೇಳು ಜನ ಮತ್ತು ಒಂದು ಹಸು.

ಡಿವಿಟ್ ಸ್ಟೇಷನ್ನಿಗೇ ಬಂದರು. "ಅಲ್ಲಯ್ಯಾ ಕ್ರೌಸ್, ಪಟ್ಟಿ ಮಾಡಿದ್ದು ನೀನಲ್ವಾ? ಕುಲುಮೆ ಆರುತ್ತೆ ಅಂತ ಹೊಳೀಲಿಲ್ವಾ ನಿಂಗೆ?"

"ನಿಮಗೆ ಹೊಳೀತಾ ಸಾರ್?"

"ನಾನು ಅಧ್ಯಕ್ಷ. ನಂಗೆ ಯಾಕೆ ಹೊಳೀಬೇಕು?"

ಹದಿನಾಲ್ಕನೆಯ ನಿಯಮ: ಯಾವುದೇ ಕ್ಲಬ್ಬು ನಡುವೆ ಮುಚ್ಚಿದರೆ ಅದು ಆಡಿದ, ಅದರೆದುರು ಆಡಿದ ಎಲ್ಲ ಆಟಗಳನ್ನೂ ದಾಖಲೆಯಿಂದ ತೆಗೆಯತಕ್ಕದ್ದು. ಎಲ್ಲ ಲೀಗುಗಳಲ್ಲೂ ಇರುವ ಪದ್ಧತಿ. ಉಳಿದವರಿಗೆ ಅನ್ಯಾಯ ಆಗಬಾರದೆಂದು ನಾನೇ ಸೇರಿಸಿದ್ದೆ, ಭಾಷೆ ಚೆನ್ನಾಗಿದೆಯೆಂದು ಎಲ್ಲರೂ ಹೊಗಳಿದ್ದರು. ಕೆಂಪು ಶಾಯಿಯಲ್ಲಿ ಗೆರೆ ಎಳೆದೆ. ಟೋಬಿಯ ಆರು ಆಟ ಹೋಯಿತು, ಹನ್ನೊಂದು ಹಿಟ್ ಹೋಯಿತು. ಉಳಿದದ್ದು ಹದಿಮೂರು ಆಟ. ಗೆರೆ ಒಂದೂ ಸೊಟ್ಟ ಬರಲಿಲ್ಲ.

ಜುಲೈ ೨೦, ಮಂಗಳವಾರ

ಊಟದ ಮೇಜಿನ ಮೇಲೆ ಸ್ಕೋರು ಹಾಳೆಗಳನ್ನು ಹರಡಿಕೊಂಡಿದ್ದೆ. ಲೊವೀನಾ ಸೂಪಿನ ಪಾತ್ರೆ ಹಿಡಿದು ನಿಂತಿದ್ದಳು. ನಾನು ಕಾಗದ ಸರಿಸಲಿಲ್ಲ, ಗಮನಿಸಿರಲಿಲ್ಲ. ಅವಳು ಪಾತ್ರೆಯನ್ನು ಕಾಗದದ ಮೇಲೆಯೇ ಇಟ್ಟಳು.

"ಒಂದು ದಿನವಾದ್ರೂ ಹೋಗಿ ಅವನ ಆಟ ನೋಡಿದ್ಯಾ ಎಲಾಯಸ್?"

ಇಪ್ಪತ್ತೊಂದು ವರ್ಷದ ಮೇಲೆ ಅವಳ ಬಾಯಲ್ಲಿ ನನ್ನ ಹೆಸರು. ಯಾರೋ ಬಾಗಿಲು ತಟ್ಟಿ ಬೇರೆಯವರನ್ನು ಕೇಳಿದಂತಾಯಿತು.

"ಆಟದ ಹೊತ್ತಿಗೆ ಡ್ಯೂಟಿ ಇರ್ತಿತ್ತಲ್ಲ ನನಗೆ. ವರದಿ ಎಲ್ಲ ತಂತೀಲಿ ಬರ್ತಿತ್ತು."

"ಹೂಂ. ತಂತೀಲಿ ಬರ್ತಿತ್ತು" ಎಂದು ಅವಳು ಒಳಗೆ ಹೋದಳು. ಹಾಳೆಯ ಮೇಲೆ ದುಂಡಗೆ ಎಣ್ಣೆಯ ಕಲೆ. ಮೇ ಇಪ್ಪತ್ತನಾಲ್ಕರ ಆಟ. ಬೇರೆ ಹಾಳೆಗೆ ನಕಲು ಮಾಡಿದೆ.

ಜುಲೈ ೩೦, ಶುಕ್ರವಾರ

ಕಾರ್ವರ್ಸ್‌ಬರ್ಗಿನ ನಾಯಕ ಹೆನೆಸಿಯಿಂದ ತಂತಿ. ಅವರ ಎಡಗೈಯವನು ಆ ದಿನದಿಂದ ಚೆಂಡು ಮುಟ್ಟಿಲ್ಲವಂತೆ. ಅವನಿಲ್ಲದೆ ಗೆಲುವಿಲ್ಲ, ಗೆಲುವಿಲ್ಲದೆ ಜನ ಇಲ್ಲ, ಮುಂದಿನ ವಾರ ಮುಚ್ಚುತ್ತಾರಂತೆ. ಕಾರ್ವರ್ಸ್‌ಬರ್ಗ್ ಹೋದರೆ ಉಳಿಯುವುದು ಎರಡೇ ಊರು. ಲೀಗೂ ಇಲ್ಲ, ಪುಟವೂ ಇಲ್ಲ, ಸಾಲೂ ಇಲ್ಲ.

ನನ್ನ ಮಗನನ್ನು ಕೊಂದವನು ಈಗ ದುಃಖ ಪಡುತ್ತ ಮನೆಯಲ್ಲಿ ಕೂರುತ್ತಾನಂತೆ. ಆಹಾ! ಕೂತು ನನ್ನ ಮಗನ ಹೆಸರನ್ನೂ ಕೊಲ್ಲುತ್ತಾನೆ. ನೆನೆದರೆ ಮೈ ಉರಿಯುತ್ತದೆ.

ಸೋಮವಾರ ರಜೆ ಕೇಳಿದ್ದೇನೆ. ನಾನೇ ಹೋಗಿ ಅವನನ್ನು ಮೈದಾನಕ್ಕೆ ಇಳಿಸುತ್ತೇನೆ.

ಆಗಸ್ಟ್ ೨, ಸೋಮವಾರ

ಕಾರ್ವರ್ಸ್‌ಬರ್ಗ್ ಕಲ್ಲಿದ್ದಲಿನ ಊರು. ರೈಲಿನಿಂದ ಇಳಿಯುವಾಗಲೇ ಕಾಲರ್ ಕಪ್ಪಾಯಿತು. ಕ್ಲಬ್ಬಿನ ಕಚೇರಿ ಎಂದರೆ ಹೆನೆಸಿಯ ಹೆಂಡದಂಗಡಿಯೇ. ಜೂನಿನಲ್ಲಿ ಬಂದಾಗ ಮಹಡಿಯ ಮೇಲೆ ಟೋಬಿಯ ಹಾಸಿಗೆಯ ಪಕ್ಕ ಮೂರು ದಿನ ಕೂತಿದ್ದೆ. ಕೆಳಗಿನ ಅಂಗಡಿಯನ್ನು ಸರಿಯಾಗಿ ನೋಡಿದ್ದು ಇವತ್ತೇ.

ಗೆದ್ದ ತಂಡಕ್ಕೆ ಆಟದ ಚೆಂಡು ಕೊಡುವುದು ರೂಢಿ. ಇಡೀ ಆಟಕ್ಕೆ ಒಂದೇ ಚೆಂಡು. ಗೆದ್ದವರು ಅದಕ್ಕೆ ಚಿನ್ನದ ಬಣ್ಣ ಬಳಿಸಿ, ಮೇಲೆ ತಾರೀಕು ಅಂಕ ಬರೆಸಿ ಸಾಲಾಗಿ ಇಡುತ್ತಾರೆ. ಹೆನೆಸಿಯ ಬಾಟಲಿಗಳ ಮೇಲಿನ ಹಲಗೆಯಲ್ಲಿ ಹನ್ನೊಂದು ಚಿನ್ನದ ಚೆಂಡು. ನಾನು ಓದುವುದೇ ಕಸುಬಾದವನು, ಓದಿದೆ. ಎಂಟನೆಯದು: "ಜೂನ್ ೯. ಬೆಲ್‌ಫೋರ್ಡ್ ಎದುರು. ೭–೪."

ನಾನು ನೋಡುತ್ತಿರುವುದನ್ನು ಹೆನೆಸಿ ನೋಡಿದ. ದೊಡ್ಡ ಆಳು, ಮುಖ ಸುಣ್ಣವಾಯಿತು.

"ಅಯ್ಯೋ ದೇವರೇ. ಬೋರ್ಡು ಬರೆಯೋನು ತಿಂಗಳಿಗೊಂದ್ಸಲ ಬಂದು ಎಲ್ಲಾ ಚೆಂಡನ್ನೂ ಬುಟ್ಟೀಲಿ ತುಂಬ್ಕೊಂಡು ಹೋಗ್ತಾನೆ, ಸೆಕ್ರೆಟರಿ ಸಾಹೇಬ್ರೇ. ಬಳಿದು ತಂದಿಟ್ಟ. ಯಾರೂ ನೋಡ್ಲೇ ಇಲ್ಲ. ನಮ್ಮಮ್ಮನಾಣೆ, ಯಾರೂ ನೋಡ್ಲೇ ಇಲ್ಲ."

"ನಿಯಮದ ಪ್ರಕಾರ ಸರಿಯಾಗೇ ಇದೆ. ಗೆದ್ದವರು ನೀವು" ಎಂದೆ. ಎಂಥ ಮಾತು ಆಡಿದೆ!

ಆ ಎಡಗೈಯವನನ್ನು ಕರೆತಂದರು. ಗಣಿಯಿಂದ ನೇರ ಬಂದಿದ್ದ, ಮುಖದಲ್ಲಿ ಎರಡು ಕಣ್ಣು ಬಿಟ್ಟರೆ ಉಳಿದದ್ದೆಲ್ಲ ಕಪ್ಪು. ಪ್ರೋಸರ್ ಎಂದು ಹೆಸರು, ವೇಲ್ಸ್ ಕಡೆಯ ಜನ. ಏನೋ ರಾಕ್ಷಸನನ್ನು ನೋಡುತ್ತೇನೆಂದು ಬಂದಿದ್ದೆ. ಟೋಬಿಗಿಂತ ಒಂದು ಗೇಣು ಕುಳ್ಳ.

ಅವನು ಕೂರಲಿಲ್ಲ. "ಯಜಮಾನ್ರೇ, ಅವನು ಮೇಲೆ ಅಂತ ಕೇಳ್ದ. ನಾನು ಮೇಲೆ ಹಾಕ್ದೆ. ಕೈ ಜಾರ್ತು. ಅಷ್ಟೇ ಯಜಮಾನ್ರೇ. ಅಷ್ಟೇ ಆಗಿದ್ದು."

ಒಂಬತ್ತನೆಯ ನಿಯಮ: ಬ್ಯಾಟು ಹಿಡಿದವನು ಅಂಪೈರಿಗೆ "ಮೇಲೆ" ಎಂದೋ "ಕೆಳಗೆ" ಎಂದೋ ಕೂಗಿ ಹೇಳಬೇಕು. ಮೇಲೆ ಎಂದರೆ ಸೊಂಟದಿಂದ ಭುಜದವರೆಗೆ, ಕೆಳಗೆ ಎಂದರೆ ಸೊಂಟದಿಂದ ಮೊಣಕಾಲಿನವರೆಗೆ. ಎಸೆಯುವವನು ಕೇಳಿದಲ್ಲಿಗೇ ಎಸೆಯಬೇಕು. ಅದರಲ್ಲಿ ಅವನ ತಪ್ಪೇನೂ ಇಲ್ಲ. ಅದು ನನಗೆ ಗೊತ್ತಿದ್ದದ್ದೇ. ಅವನಿಗಿಂತ ಚೆನ್ನಾಗಿ ಗೊತ್ತು.

"ನಿನ್ನ ಮೇಲೆ ನನಗೆ ಸಿಟ್ಟಿಲ್ಲ. ಟೋಬಿ ಇದ್ದಿದ್ರೂ ಆಡು ಅಂತಿದ್ದ. ಅವನಿಗೋಸ್ಕರ ಆಡು" ಎಂದೆ.

ಶುದ್ಧ ಸುಳ್ಳು. ಬರುವಾಗ ರೈಲಿನಲ್ಲಿ ಗಟ್ಟಿ ಮಾಡಿಕೊಂಡು ಬಂದಿದ್ದ ಮಾತು. ಅವನು ಆ ಕಪ್ಪು ಕೈಯಿಂದ ಮುಖ ಮುಚ್ಚಿಕೊಂಡು ಅತ್ತ. ನಾನು ಗಡಿಯಾರ ನೋಡಿದೆ. ನಾಲ್ಕೂ ಹತ್ತರ ರೈಲು ತಪ್ಪಬಾರದಿತ್ತು.

ಆಡುತ್ತಾನೆ.

ಆಗಸ್ಟ್ ೩, ಮಂಗಳವಾರ

ಲೀಗು ಉಳಿಯಿತೆಂದು ಡಿವಿಟ್‌ಗೆ ಹೇಳಿದೆ. "ಭೇಷ್ ಕ್ರೌಸ್, ನೀನು ಕಲ್ಲಲ್ಲೂ ನೀರು ತೆಗೀತೀಯ" ಎಂದರು. ಮನೆಯಲ್ಲಿ ಏನೂ ಹೇಳಲಿಲ್ಲ.

ಆಗಸ್ಟ್ ೧೪, ಶನಿವಾರ

ಕಾರ್ವರ್ಸ್‌ಬರ್ಗಿನವರು ನಮ್ಮೂರಿಗೆ ಬಂದಿದ್ದರು. ಹನ್ನೊಂದು ದಿನದಲ್ಲಿ ಪ್ರೋಸರ್ ಆರು ಆಟ ಆಡಿ ಆರೂ ಸೋತಿದ್ದಾನೆ. ಅಂಕ ನೋಡಿದರೆ ನಂಬಲಿಕ್ಕಾಗದು: ೧೯–೨, ೨೩–೫. ತಂತಿಯಲ್ಲಿ ತಪ್ಪು ಬರುತ್ತಿದೆಯೇನೋ ಎಂದು ರಜೆ ಹಾಕಿ ಮೈದಾನಕ್ಕೆ ಹೋದೆ. ನನ್ನ ಜೀವನದಲ್ಲಿ ನಾನು ಕಣ್ಣಾರೆ ಕಂಡ ಮೊದಲ ಲೀಗ್ ಆಟ.

ತಂತಿಯಲ್ಲಿ ತಪ್ಪಿರಲಿಲ್ಲ. ಮೊದಲ ದಾಂಡಿಗ ಬಂದ, "ಮೇಲೆ" ಎಂದ. ಪ್ರೋಸರ್ ಕೈ ಎತ್ತಿದ, ಚೆಂಡು ಹೋಗಿ ನೆಲಕ್ಕೆ ಬಡಿಯಿತು. ಮತ್ತೊಂದು, ಮೊಣಕಾಲಿಗೆ. ಮತ್ತೊಂದು, ಎರಡು ಮಾರು ಆಚೆ. ಏಳು ತಪ್ಪು ಎಸೆತಕ್ಕೆ ದಾಂಡಿಗನಿಗೆ ಒಂದು ಬೇಸ್ ಪುಕ್ಕಟೆ, ಬ್ಯಾಟು ಬೀಸುವುದೇ ಬೇಡ. ಎರಡನೆಯವನೂ ಬಂದು "ಮೇಲೆ" ಎಂದ. ಮೂರನೆಯವನೂ. ಆಗ ಅರ್ಥವಾಯಿತು. ಅವನಿಗೆ ಮೇಲೆ ಎಸೆಯಲು ಆಗುವುದಿಲ್ಲ ಎಂದು ಲೀಗಿಗೆಲ್ಲ ತಿಳಿದುಹೋಗಿದೆ. ಎಲ್ಲರೂ ಮೇಲೆಯೇ ಕೇಳುತ್ತಾರೆ. ಕೇಳಿ ಬ್ಯಾಟನ್ನು ಹೆಗಲ ಮೇಲಿಟ್ಟುಕೊಂಡು ನಿಲ್ಲುತ್ತಾರೆ.

ನಮ್ಮ ಹುಡುಗರೇ. ಟೋಬಿಯ ಶವಪೆಟ್ಟಿಗೆಗೆ ಹೆಗಲು ಕೊಟ್ಟವರು.

ಐದನೆಯ ಸರದಿಯ ಹೊತ್ತಿಗೆ ಜನಕ್ಕೂ ಹಾಡು ಸಿಕ್ಕಿತು. "ಮೇಲೆ! ಮೇಲೆ!" ನಮ್ಮ ಕಟುಕ, ನಮ್ಮ ಶಾಲೆಯ ಮಾಸ್ತರ, ಚರ್ಚಿನಲ್ಲಿ ನನ್ನ ಪಕ್ಕ ಕೂರುವ ಮುದುಕ, ಎಲ್ಲರೂ ಕಾಲು ಕುಟ್ಟಿ ಕೂಗುತ್ತಿದ್ದರು. "ಏನೋ ಎಡಚಾ, ಮೇಲೆ ಏನಿದೆ ಅಂತ ಹೆದರ್ತೀಯೋ? ಸ್ವರ್ಗ ಕಣೋ!" ಎಂದ ಒಬ್ಬ. ನಕ್ಕರು. ಅವನು ಪ್ರತಿ ಸಲವೂ ಕೈಯನ್ನು ಭುಜದ ಮೇಲೆ ಎತ್ತುವುದು, ಅಲ್ಲಿ ಅದು ನಿಲ್ಲುವುದು, ಮುಖ ಬಿಳಿಚುವುದು. ಹೆನೆಸಿಗೆ ಬೇರೆ ಎಸೆತಗಾರ ಇಲ್ಲ. ಒಂಬತ್ತೂ ಸರದಿ ಹಾಕಿಸಿದ. ಒಂಬತ್ತೂ ಸರದಿ ನೋಡಿದೆ.

ಅವನು ನನಗೋಸ್ಕರ ಆಡುತ್ತಿದ್ದಾನೆ. ನಾನು ಹೇಳಿದ ಸುಳ್ಳಿಗೋಸ್ಕರ.

ಆಮೇಲೆ ಪ್ಲಾಟ್‌ಫಾರ್ಮಿನಲ್ಲಿ ಪ್ರೋಸರ್ ಒಬ್ಬನೇ ತನ್ನ ಚೀಲದ ಮೇಲೆ ಕೂತಿದ್ದ. ಅವನ ತಂಡದವರು ದೂರ ನಿಂತಿದ್ದರು. ನನ್ನನ್ನು ನೋಡಿ ಎದ್ದ. "ಕ್ಷಮಿಸಿ ಯಜಮಾನ್ರೇ, ಇವತ್ತೂ ಆಗ್ಲಿಲ್ಲ. ಸೋಮವಾರ ಆಗುತ್ತೆ ನೋಡಿ."

ಬಾಯಿಗೆ ಬಂದುಬಿಟ್ಟಿತು. "ಟೋಬಿ ಮೇಲೆ ಕೇಳೋನಲ್ಲ ಕಣಯ್ಯಾ. ಹುಟ್ಟಾ ಕೆಳಗಿನ ಚೆಂಡಿನ ಆಟಗಾರ ಅವನು. ಪ್ರತಿ ಆಟ ಆದ್ಮೇಲೆ ಕೂರಿಸ್ಕೊಂಡು, ಯಾವ ಚೆಂಡು ಕೇಳ್ದೆ, ಏನು ಹೊಡ್ದೆ ಅಂತ ನಾನು ಒಂದು ನೋಟುಪುಸ್ತಕದಲ್ಲಿ ಬರ್ಕೊತಿದ್ದೆ. ಅಪರೂಪಕ್ಕೆ ಮೇಲೆ ಕೇಳಿದಾಗ್ಲೇ ಹಿಟ್ ಜಾಸ್ತಿ ಬಂದಿತ್ತು. ಅಂಕಿ ತೋರಿಸ್ದೆ. ಎಡಗೈಯವನ ಎದುರು ಮೇಲೇ ಕೇಳು ಅಂದೆ. ಬೇಡ ಅಪ್ಪಾ, ಮೇಲಿನ ಚೆಂಡು ನಂಗೆ ಸರಿಯಾಗಿ ಕಾಣ್ಸಲ್ಲ ಅಂದ. ಅಂಕಿ ಸುಳ್ಳು ಹೇಳುತ್ತೇನೋ ಅಂತ ಗದರಿದೆ."

ಅವನು ಚೀಲವನ್ನು ಹೆಗಲಿಗೇರಿಸಿಕೊಂಡ.

"ಮನೇಲಿ ಹೇಳಿದೀರಾ?"

"ಇಲ್ಲ."

"ನನಗ್ಯಾಕೆ ಹೇಳ್ತೀರಿ ಯಜಮಾನ್ರೇ" ಎಂದ. ಬೈದದ್ದಲ್ಲ. ನಿಜವಾಗಿಯೂ ಕೇಳುತ್ತಿದ್ದ. ರೈಲು ಬಂತು.

ಆಗಸ್ಟ್ ೧೫, ಭಾನುವಾರ

ಡ್ರಾದಿಂದ ನೋಟುಪುಸ್ತಕ ತೆಗೆದೆ. ಕೊನೆಯ ಪುಟ ಜೂನ್ ೮, ಅವನು ಹೊರಡುವ ಹಿಂದಿನ ದಿನ. ನನ್ನದೇ ಅಕ್ಷರ: "ಮೇಲೆ: ಒಂಬತ್ತರಲ್ಲಿ ಐದು." ಬರೀ ಒಂಬತ್ತು ಚೆಂಡು. ಒಂಬತ್ತು ಚೆಂಡಿನ ಲೆಕ್ಕ ಹಿಡಿದು ನಾನು ಅವನನ್ನು ಗದರಿದ್ದೆ.

ಆಗಸ್ಟ್ ೧೭, ಮಂಗಳವಾರ

ಇನ್ನು ಆಡಬೇಡ ಎಂದು ಐವರ್ ಪ್ರೋಸರನಿಗೆ ತಂತಿ ಕೊಟ್ಟೆ. ಅವನಿಂದ ತಿರುಗಿ ಬಂತು: "ಮಾತು ಕೊಟ್ಟಿದ್ದೇನೆ. ಸೆಪ್ಟೆಂಬರ್ ಹನ್ನೊಂದರವರೆಗೆ ಆಡುತ್ತೇನೆ."

ಆಗಸ್ಟ್ ೨೮, ಶನಿವಾರ

ಹದಿಮೂರು ಸೋಲು. ಇವತ್ತು ಕಾರ್ವರ್ಸ್‌ಬರ್ಗ್ ಕ್ಲಬ್ಬು ಮುಚ್ಚಿತು. ಐವರ್ ಬಿಡಲಿಲ್ಲ, ಊರೇ ಬಿಟ್ಟಿತು. ಮುಗಿಯಲು ಇದ್ದದ್ದು ಎರಡೇ ವಾರ.

ಕೈಪಿಡಿಯವರಿಗೆ ಬೇಡಿಕೊಂಡು ತಂತಿ ಹೊಡೆದೆ. ಸ್ಟೇಷನ್ ಮಾಸ್ತರರು ಪಕ್ಕದಲ್ಲೇ ನಿಂತಿದ್ದರು, ನಾಚಿಕೆಯೂ ಆಗಲಿಲ್ಲ. ಮಧ್ಯಾಹ್ನ ಉತ್ತರ: "ಪೂರ್ತಿಯಾಗದ ಲೀಗುಗಳನ್ನು ಅಚ್ಚು ಮಾಡುವುದಿಲ್ಲ." ಆ ಎಂಟು ಹತ್ತು ಸೆಕೆಂಡು ತಂತಿಯ ಸದ್ದು ಕೇಳುತ್ತ ಇದ್ದಾಗ, ಅಕ್ಷರ ಒಂದೊಂದಾಗಿ ಕೂಡಿಕೊಳ್ಳುವ ಮೊದಲೇ ನನಗೆ ಗೊತ್ತಾಗಿತ್ತು.

ಆಗಸ್ಟ್ ೩೦, ಸೋಮವಾರ

ನಾಲ್ಕೂರ ಲೀಗಿನ ಕೊನೆಯ ಸಭೆ. ಡಿವಿಟ್, ನಾನು, ಮತ್ತು ಲೈಮ್ ಸ್ಪ್ರಿಂಗಿನಿಂದ ಬಂದ ಒಬ್ಬ ಕಿವುಡ. ಮೇ ಹತ್ತಕ್ಕೆ ಹುಟ್ಟಿ ಆಗಸ್ಟ್ ಇಪ್ಪತ್ತೆಂಟಕ್ಕೆ ಸತ್ತಿತು ಎಂದು ನಡಾವಳಿ ಬರೆದೆ. ನಾನು ಕೆಂಪು ಶಾಯಿ ತೆಗೆದದ್ದನ್ನು ನೋಡಿ ಡಿವಿಟ್ ನಕ್ಕರು. "ಲೀಗೇ ಇಲ್ಲದ ಮೇಲೆ ನಿನ್ನ ಹದಿನಾಲ್ಕನೇ ನಿಯಮ ಯಾವನಿಗೋ?"

ಯಾವನಿಗೂ ಅಲ್ಲ. ಆದರೂ ಎಳೆದೆ. ಕಾರ್ವರ್ಸ್‌ಬರ್ಗ್ ಆಡಿದ ಒಂದೊಂದೇ ಆಟ. ಮೇ ಹದಿನೆಂಟು, ಹತ್ತೊಂಬತ್ತು. ಜೂನ್ ಒಂಬತ್ತಕ್ಕೆ ಬಂದಾಗ ಕೈ ನಿಂತಿತು. ಈ ಸಲ ಗೆರೆ ಸೊಟ್ಟ ಹೋಯಿತು. ಕೊನೆಯವರೆಗೂ ಎಳೆದೆ.

ಆಮೇಲೆ ಟೋಬಿಯ ಹಾಳೆ ನೋಡಿದೆ. ಉಳಿದದ್ದು ಏಳು ಆಟ, ಎಲ್ಲ ಲೈಮ್ ಸ್ಪ್ರಿಂಗಿನವರ ಎದುರು. ಕೊನೆಯದು ಜೂನ್ ಐದು. ಎರಡು ಹಿಟ್, ಒಂದು ಓಟ, ತಪ್ಪು ಇಲ್ಲ. ಅಲ್ಲಿಗೆ ಮುಗಿಯಿತು. ದಾಖಲೆಯ ಪ್ರಕಾರ ಅವನು ಆ ಶನಿವಾರ ಮೈದಾನದಿಂದ ತನ್ನ ಕಾಲ ಮೇಲೆ ನಡೆದು ಹೊರಗೆ ಬಂದಿದ್ದಾನೆ. ಆ ಚೆಂಡನ್ನು ಯಾರೂ ಎಸೆದಿಲ್ಲ, ಯಾರೂ ಕೇಳಿಲ್ಲ.

ಬೇಸಿಗೆ ಪೂರ್ತಿ ಯಾವುದನ್ನು ಉಳಿಸಲು ಒದ್ದಾಡಿದೆನೋ ಅದು ಹೋದ ಮೇಲೆ ಹೀಗೆ ಕಂಡಿತು. ಒಂದು ಗಳಿಗೆ ಸಮಾಧಾನವೇ ಆಯಿತು. ಆಮೇಲೆ ಮನೆಗೆ ಬಂದೆ. ಕುರ್ಚಿಯ ಬೆನ್ನಿಗೆ ಉಣ್ಣೆಯ ಲಡಿ ತೊಡಿಸಿತ್ತು.

ಸೆಪ್ಟೆಂಬರ್ ೫, ಭಾನುವಾರ

ಚರ್ಚಿನಿಂದ ಬಂದು ಕೂತಿದ್ದೆವು. ಹಿತ್ತಲ ಬಾಗಿಲು ತಟ್ಟಿದ ಸದ್ದು. ಲೊವೀನಾ ತೆಗೆದಳು. ಉಜ್ಜಿ ಉಜ್ಜಿ ಕೆಂಪಾದ ಮುಖ, ಕೈಯಲ್ಲಿ ಟೋಪಿ.

"ಅಮ್ಮಾ, ನಾನು ಐವರ್ ಪ್ರೋಸರ್ ಅಂತ. ಕಾರ್ವರ್ಸ್‌ಬರ್ಗಿನೋನು."

ಅವಳು ಅವನನ್ನು ಅಡಿಯಿಂದ ಮುಡಿಯವರೆಗೆ ನೋಡಿದಳು.

"ಗೊತ್ತು. ಕಾಲು ಒರೆಸ್ಕೊಂಡು ಬಾ."

ಕಾಫಿ ಕೊಟ್ಟಳು, ಸೇಬಿನ ಪೈ ಕೊಟ್ಟಳು. ಅವನು ತಿನ್ನಲಿಲ್ಲ. ಜೇಬಿನಿಂದ ಕರವಸ್ತ್ರದ ಗಂಟು ತೆಗೆದು ಮೇಜಿನ ಮೇಲಿಟ್ಟು ಬಿಚ್ಚಿದ. ಚಿನ್ನದ ಚೆಂಡು.

"ಕ್ಲಬ್ಬಿನ ಸಾಮಾನು ಹಂಚ್ಕೊಂಡ್ರು ಅಮ್ಮಾ. ಇದನ್ನ ಯಾರೂ ಮುಟ್ಲಿಲ್ಲ. ಹೆನೆಸಿ ಒಲೆಗೆ ಹಾಕ್ತೀನಿ ಅಂದ. ನಂಗ್ಯಾಕೋ ನಿಮ್ಮನ್ನ ಕೇಳ್ದೆ ಹಾಕ್ಬಾರ್ದು ಅನ್ನಿಸ್ತು. ಬೇಡ ಅಂದ್ರೆ ಹೊಳೆಗೆ ಎಸೀತೀನಿ."

ಆ ಆಟ ದಾಖಲೆಯಲ್ಲಿ ಇಲ್ಲ, ತೆಗೆದುಹಾಕಿದ್ದೇನೆ ಎಂದು ನಾನು ಹೇಳಿದೆ. ಅವನಿಗೆ ಹಗುರವಾಗಲಿ ಎಂದೇ ಹೇಳಿದ್ದು. ಅವನು ತಲೆಯಾಡಿಸಿದ. "ನಿಮ್ಮ ಪುಸ್ತಕದಿಂದ ಹೋಯ್ತು ಯಜಮಾನ್ರೇ. ನನ್ನ ಕೈಯಿಂದ ಹೋಗ್ಲಿಲ್ವಲ್ಲ."

ಲೊವೀನಾ ಚೆಂಡನ್ನು ತೆಗೆದುಕೊಂಡು ಅಂಗೈಯಲ್ಲಿ ತೂಗಿ ನೋಡಿದಳು. "ಕೊನೇಲಿ ಅವನು ಏನಾದ್ರೂ ಅಂದ್ನಾ?"

"ಅಂಪೈರಿಗೆ ಮೇಲೆ ಅಂದ. ಆಮೇಲೆ ನನ್ನ ನೋಡಿ ನಕ್ಕ."

"ಟೋಬಿ ಮೇಲೆ ಕೇಳಲ್ಲ" ಎಂದಳು ಲೊವೀನಾ. "ಹಿತ್ತಲಲ್ಲಿ ಹಲಗೆ ಹಿಡ್ಕೊಂಡು ಆಡ್ತಿದ್ದಾಗಿಂದ ನೋಡಿದೀನಿ. ಕೆಳಗೇ ಕೇಳೋದು ಅವನು. ನೀನು ಸರಿಯಾಗಿ ಕೇಳಿಸ್ಕೊಂಡ್ಯಾ?"

ಐವರ್ ನನ್ನ ಕಡೆ ನೋಡಲಿಲ್ಲ. ನೋಡಿದರೆ ನನ್ನನ್ನು ಬಿಟ್ಟುಕೊಟ್ಟಂತಾಗುತ್ತದೆಂದು ಪೈ ತಟ್ಟೆಯನ್ನೇ ನೋಡುತ್ತ, "ನಾನೇ ತಪ್ಪು ಕೇಳಿಸ್ಕೊಂಡೆನೋ ಏನೋ ಅಮ್ಮಾ" ಎಂದ.

ಅಷ್ಟನ್ನು ನನ್ನಿಂದ ತಡೆಯಲಾಗಲಿಲ್ಲ. "ಅವನು ಸರಿಯಾಗೇ ಕೇಳಿಸ್ಕೊಂಡಿದಾನೆ. ಮೇಲೆ ಕೇಳು ಅಂತ ಟೋಬಿಗೆ ಹೇಳಿದ್ದು ನಾನು. ಬೇಡ ಅಂದ. ಗದರಿದೆ."

ಅವಳು ಹೆಣಿಗೆಯ ಬುಟ್ಟಿಯಿಂದ ಕತ್ತರಿ ತೆಗೆದು ಚೆಂಡಿನ ಹೊಲಿಗೆಯನ್ನು ಒಂದೊಂದಾಗಿ ಕತ್ತರಿಸಿದಳು. ಚರ್ಮವನ್ನು ಸುಲಿದಳು; ಚಿನ್ನ, ತಾರೀಕು, ಅಂಕ ಎಲ್ಲ ಸಿಪ್ಪೆಯ ಜೊತೆ ಮೇಜಿನ ಮೇಲೆ ಬಿತ್ತು. ಒಳಗೆ ಬೂದು ಬಣ್ಣದ ಉಣ್ಣೆ, ಬಿಗಿಯಾಗಿ ಸುತ್ತಿದ್ದು.

"ಉಣ್ಣೆ" ಎಂದಳು. "ಇಷ್ಟು ದಿನ ಕಬ್ಬಿಣ ಅನ್ಕೊಂಡಿದ್ದೆ."

ದಾರದ ತುದಿ ಹುಡುಕಿ ಎಳೆದಳು. ಆಮೇಲೆ ಐವರನಿಗೆ, "ಕೈ ಚಾಚು" ಎಂದಳು.

ಅವನಿಗೆ ಅರ್ಥವಾಗಲಿಲ್ಲ. ಅವಳೇ ಅವನ ಎರಡು ಕೈಗಳನ್ನು ಹಿಡಿದು, ಒಂದು ಮೊಳ ಅಂತರದಲ್ಲಿ ಎದುರುಬದುರು ನಿಲ್ಲಿಸಿ, ದಾರ ಸುತ್ತತೊಡಗಿದಳು. ಟೋಬಿ ಕೂರುತ್ತಿದ್ದ ಮಣೆಯ ಮೇಲೆ ಅವನು ಕೂತಿದ್ದ. ಉಗುರಿನ ಸಂದಿಯಲ್ಲಿ ಇನ್ನೂ ಮಸಿ. ಮೊದಮೊದಲು ಆ ಎಡಗೈ ಬಹಳ ನಡುಗುತ್ತಿತ್ತು. "ನೆಟ್ಟಗೆ ಹಿಡ್ಕೋ" ಎಂದಳು, ಮಗನಿಗೆ ಹೇಳುತ್ತಿದ್ದ ಹಾಗೆಯೇ. ಅರ್ಧ ಚೆಂಡು ಬಿಚ್ಚುವ ಹೊತ್ತಿಗೆ ನಡುಕ ನಿಂತಿತ್ತು. ಒಂದು ಚೆಂಡಿನಲ್ಲಿ ಅಷ್ಟು ದಾರ ಇರುತ್ತದೆಂದು ನನಗೆ ತಿಳಿದಿರಲಿಲ್ಲ. ಕೊನೆಗೆ ಗೋಲಿಯಷ್ಟು ರಬ್ಬರು ಉಳಿದು ಮೇಜಿನ ಮೇಲೆ ಉರುಳಿತು. ಅದನ್ನು ಯಾರೂ ಮುಟ್ಟಲಿಲ್ಲ.

ನಾನು ಬಾಗಿಲ ಹತ್ತಿರವೇ ನಿಂತಿದ್ದೆ. ಕೂತುಕೋ ಎಂದು ಅವಳು ಹೇಳಲಿಲ್ಲ.

ಸೆಪ್ಟೆಂಬರ್ ೧೧, ಶನಿವಾರ

ಲೀಗು ಮುಗಿಯಬೇಕಿದ್ದ ದಿನ. ತಂತಿಯಲ್ಲಿ ಯಾವ ಆಟದ ವರದಿಯೂ ಬರಲಿಲ್ಲ. ಮನೆಯಲ್ಲಿ ಆರು ದಿನದಿಂದ ಮಾತಿಲ್ಲ.

ಸೆಪ್ಟೆಂಬರ್ ೧೮, ಶನಿವಾರ

ಇವತ್ತು ಸಂಜೆ ಕೆಲಸದಿಂದ ಬಂದು, ಬೂಟು ಬಿಚ್ಚಿ, ಒಲೆಯ ಮುಂದೆ ಕೂತಿದ್ದೆ. ಲೊವೀನಾ ಹೆಣಿಗೆ ಹಿಡಿದುಕೊಂಡೇ ಎದ್ದು ಬಂದು ನನ್ನೆದುರು ಮೊಣಕಾಲೂರಿದಳು. ಸೂಜಿಯಲ್ಲಿದ್ದ ಅರ್ಧ ಕಾಲುಚೀಲವನ್ನು ನನ್ನ ಪಾದಕ್ಕೆ ಹಿಡಿದು ಅಳತೆ ನೋಡಿದಳು. ಒಗೆದು ಒಣಗಿಸಿದ ಅದೇ ಬೂದು ಉಣ್ಣೆ. ಸುತ್ತಿ ಸುತ್ತಿ ಬಿದ್ದಿದ್ದ ಸುಕ್ಕು ಇನ್ನೂ ಪೂರ್ತಿ ಹೋಗಿರಲಿಲ್ಲ.

ಅವಳ ಮುಖ ನೋಡಿದೆ. ಅವಳು ಪಾದವನ್ನೇ ನೋಡುತ್ತಿದ್ದಳು.

"ಇನ್ನೊಂದು ಬೆರಳಷ್ಟು ಬೇಕು" ಎಂದಳು. ಎದ್ದು ಹೋಗಿ ತನ್ನ ಜಾಗದಲ್ಲಿ ಕೂತು ಹೆಣಿಗೆ ಮುಂದುವರಿಸಿದಳು.

ಚಳಿ ಶುರುವಾದ ಮೇಲೆ ಅದನ್ನು ನಾನು ಹಾಕಿಕೊಳ್ಳಬೇಕು.